ಗೊನೆ ಕೊಟ್ಟು ನಡೆದ ದಾರಿ

ಎಲ್ಲರಿಗೂ ನಮಸ್ಕಾರ. ದಾರಿ ತಕರಾರು ಎಂದರೆ ಏನು ಅಂತ ಈ ಸಭೆಗೆ ನಾನು ವಿವರಿಸಬೇಕಾಗಿಲ್ಲ. ಉಡುಪಿ ಕೋರ್ಟಿನಲ್ಲಿ ನಾನೇ ನಡೆಸಿದ ಒಂದು ಕೇಸು ಹೇಳುತ್ತೇನೆ.

ಬೈಲಿನ ಆಚೆ ಒಂದು ಮನೆ. ರಸ್ತೆಗೆ ಬರಲು ದೊಡ್ಡಮನೆಯ ಗದ್ದೆಹುಣಿಯಲ್ಲಿ, ಅಂದರೆ ಗದ್ದೆಯ ಬದುವಿನ ಮೇಲೆ ನಡೆದು, ಬೇಲಿಯ ತಡಮೆ ದಾಟಿ, ತೋಟದ ಬದಿಯಿಂದ ಹತ್ತಬೇಕು. ಮೊದಲು ಇವರು ಆ ದೊಡ್ಡಮನೆಯ ಒಕ್ಕಲು. 1974ರ ಭೂಸುಧಾರಣೆಯಲ್ಲಿ ಡಿಕ್ಲರೇಶನ್, ಅಂದರೆ ಒಕ್ಕಲುತನದ ಅರ್ಜಿ ಕೊಟ್ಟರು, ಜಾಗ ಇವರದಾಯಿತು. ದಾರಿಯ ಮಾತು ಮಾತ್ರ ಯಾವ ಕಾಗದದಲ್ಲೂ ಬರಲಿಲ್ಲ. ಹಾಗಂತ ಯಾರೂ ತಡೆಯಲಿಲ್ಲ. ಆ ಮನೆಯ ಮದುವೆ ದಿಬ್ಬಣ ಅಲ್ಲೇ ಹೋಯಿತು. ಮಳೆಗಾಲದಲ್ಲಿ ಅಜ್ಜನನ್ನು ಕುರ್ಚಿಯಲ್ಲಿ ಕೂರಿಸಿ ಆಸ್ಪತ್ರೆಗೆ ಹೊತ್ತದ್ದೂ ಅಲ್ಲೇ.

ದೊಡ್ಡಮನೆಯ ಯಜಮಾನರು, ನಮ್ಮ ಮಾತಿನಲ್ಲಿ ಧನಿಗಳು, ತೀರಿಕೊಂಡರು. ಮಕ್ಕಳು ಮುಂಬೈಯಲ್ಲಿ. ಜಾಗ ಮಾರಿದರು. ಕೊಂಡವರು ತಡಮೆ ಕಿತ್ತು ಕೆಂಪುಕಲ್ಲಿನ ಪಾಗಾರ ಕಟ್ಟಿದರು.

ಮೂವತ್ತು ವರ್ಷ ನಡೆದ ದಾರಿ, ಗೆಲ್ಲುತ್ತೇವೆ ಅಂದುಕೊಂಡೆ. ಆ ಮನೆಯ ಅಕ್ಕ ಸಾಕ್ಷಿ ಹೇಳಲು ನಿಂತರು. ಎದುರು ವಕೀಲರು ಒಂದೇ ಪ್ರಶ್ನೆ ಕೇಳಿದರು: ‘ಧನಿಗಳ ಒಪ್ಪಿಗೆ ಕೇಳಿ ನಡೆಯುತ್ತಿದ್ದಿರಾ?’

‘ಕೇಳದೆ ನಡೆಯುವುದುಂಟಾ? ಪ್ರತಿ ಅಷ್ಟಮಿಗೆ ಒಂದು ಬಾಳೆಗೊನೆ ಕೊಟ್ಟು, ಕೇಳಿಯೇ ಬರುತ್ತಿದ್ದೆವು.’

ಅವರ ಮುಖದಲ್ಲಿ ಮರ್ಯಾದಸ್ಥರ ಹೆಮ್ಮೆ ಇತ್ತು. ನಮ್ಮ ಕೇಸು ಅಲ್ಲೇ ಬಿತ್ತು.

ಯಾಕೆ ಗೊತ್ತಾ? ಈಸ್‌ಮೆಂಟ್ ಅಂದರೆ ಇನ್ನೊಬ್ಬರ ಜಾಗವನ್ನು ದಾರಿಯಂಥ ಉಪಯೋಗಕ್ಕೆ ಬಳಸುವ ಹಕ್ಕು. 1882ರ ಈಸ್‌ಮೆಂಟ್ ಕಾಯ್ದೆಯ 15ನೇ ಕಲಂ ಪ್ರಕಾರ 20 ವರ್ಷ ನಡೆದರೆ ಸಾಲದು. ಎಲ್ಲರಿಗೂ ಕಾಣುವಂತೆ, ಜಗಳವಿಲ್ಲದೆ, ನಡುವೆ ನಿಲ್ಲದೆ ನಡೆಯಬೇಕು. ಜೊತೆಗೆ ‘ಇದು ನನ್ನ ಹಕ್ಕು’ ಅಂತ ನಡೆಯಬೇಕು. ಒಪ್ಪಿಗೆ ಕೇಳಿ ನಡೆದರೆ ಅದು ಬರೀ ಅನುಮತಿ. ಜಾಗ ಮಾರಿದಾಗ ಆ ಅನುಮತಿಗೆ ಕೊಂಡವನು ಬದ್ಧನಲ್ಲ. ಗೊನೆ ಕೊಡದೆ ಸುಮ್ನೆ ನಡೆದಿದ್ದರೆ ಬಹುಶಃ ಗೆಲ್ಲುತ್ತಿದ್ದರು. ಇದು ನನಗೆ ಇವತ್ತಿಗೂ ನೋವು ಕೊಡುತ್ತದೆ. ಒಳ್ಳೆಯ ನೆರೆಹೊರೆಯವರೇ ಜಾಸ್ತಿ ಸೋಲುತ್ತಾರೆ.

ಗೊನೆ ಕೊಡಬೇಡಿ ಅಂತ ನಾನು ಹೇಳುತ್ತಿಲ್ಲ. ಕೊಡಿ, ಎರಡು ಕೊಡಿ! ಆದರೆ ಧನಿಗಳು ನಗುತ್ತಾ ಗೊನೆ ತೆಗೆದುಕೊಳ್ಳುವ ಕಾಲದಲ್ಲೇ ಕಾಗದ ಮಾಡಿಸಿ. ದಾರಿ ಎಲ್ಲಿಂದ ಎಲ್ಲಿಗೆ, ಎಷ್ಟು ಅಡಿ ಅಗಲ, ನಡೆಯಲಿಕ್ಕೆ ಮಾತ್ರವಾ ಅಥವಾ ರಿಕ್ಷಾ ಹೋಗಬಹುದಾ, ಎಲ್ಲವೂ ಅದರಲ್ಲಿರಲಿ. ನಕ್ಷೆ ಲಗತ್ತಿಸಿ ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಣಿ ಮಾಡಿಸಿ. ನೋಟರಿ ಸಹಿ ಇದೆ ಅಂತ ನಂಬಿ ಕೂರಬೇಡಿ. ಕಾಲುದಾರಿಯ ಹಕ್ಕು ಕಾರಿನ ದಾರಿಯಾಗುವುದಿಲ್ಲ. ಮನೆ ಕಟ್ಟಲು ಕಲ್ಲಿನ ಲಾರಿ ಬಂದ ದಿನವೇ ಎಷ್ಟು ಜಗಳ ಶುರುವಾಗಿದೆ, ನಿಮಗೇ ಗೊತ್ತು.

‘ನಮಗೆ ಬೇರೆ ದಾರಿಯೇ ಇಲ್ಲ, ಹಾಗಾಗಿ ಹಕ್ಕಿದೆ’ ಅನ್ನುವವರು ಬಹಳ. 13ನೇ ಕಲಂನ ಅನಿವಾರ್ಯದ ದಾರಿ ಸಿಗಬೇಕಾದರೆ ಎರಡೂ ಜಾಗ ಮೊದಲು ಒಬ್ಬರದೇ ಆಗಿದ್ದು, ಪಾಲಾಗಿಯೋ ಮಾರಾಟವಾಗಿಯೋ ಬೇರೆಯಾಗಿರಬೇಕು. ಸುತ್ತು ದಾರಿ ಒಂದಿದ್ದರೂ ಸಾಕು, ಅನಿವಾರ್ಯ ಅನ್ನಿಸಿಕೊಳ್ಳುವುದಿಲ್ಲ. ಅಣ್ಣತಮ್ಮಂದಿರು ಪಾಲುಪಟ್ಟಿ ಬರೆಸುವಾಗ ಬಾವಿಯ ನೀರಿಗೆ ಒಂದು ಪುಟ ಬರೆಸುತ್ತಾರೆ, ದಾರಿಗೆ ಒಂದು ಸಾಲೂ ಇರುವುದಿಲ್ಲ.

ಅಧ್ಯಕ್ಷರು ಚೀಟಿ ಕಳಿಸಿದ್ದಾರೆ. ಕುಮ್ಕಿ ವಿಷಯ ಪೂರ್ತಿ ಹೇಳಲಾಗುವುದಿಲ್ಲ. ಅದು ನಮ್ಮ ಕೃಷಿ ಜಾಗಕ್ಕೆ ತಾಗಿಕೊಂಡಿರುವ ಸರ್ಕಾರಿ ಜಾಗ, ಅಲ್ಲಿ 20 ಅಲ್ಲ, 30 ವರ್ಷ. ಇನ್ನೊಂದು: 15ನೇ ಕಲಂ ನಂಬಿದವರು, ದಾರಿ ತಡೆದ ಮೇಲೆ ಕಾಯುತ್ತಾ ಕೂರಬೇಡಿ. ದಾವೆಗೆ ಹಿಂದಿನ ಎರಡು ವರ್ಷದೊಳಗೆ ಆ 20 ವರ್ಷ ಮುಗಿದಿರಬೇಕು. ಲೋಕ ಅದಾಲತ್‌ನಲ್ಲಿ ರಾಜಿಯಾದರೆ ಅದು ಡಿಕ್ರಿಯಷ್ಟೇ ಗಟ್ಟಿ, ಕೋರ್ಟ್ ಫೀಯೂ ವಾಪಸ್.

ಆ ಅಕ್ಕ ಕೊನೆಗೆ ಚಿನ್ನ ಅಡವಿಟ್ಟು, ಗುಡ್ಡೆ ಬದಿಯ ಇನ್ನೊಬ್ಬರಿಂದ ನಾಲ್ಕು ಅಡಿ ದಾರಿ ಕೊಂಡರು. ಈ ಸಲ ಕ್ರಯಪತ್ರ ನೋಂದಣಿ ಆಯಿತು. ಅಷ್ಟಮಿಗೆ ಆ ಮನೆಗೂ ಗೊನೆ ಹೋಗುತ್ತದೆ.

ಆರ್‌ಟಿಸಿ (ಪಹಣಿ), ನಕ್ಷೆ ತಂದವರು ಚಹಾ ಕುಡಿದು ಆ ಬದಿಯ ಮೇಜಿಗೆ ಬನ್ನಿ. ಒಂದೊಂದಾಗಿ ನೋಡೋಣ.