ಸಾಕುನುಡಿಯಲ್ಲಿ ಬರೆದವರು

ಸಭಿಕರೆಲ್ಲರಿಗೂ ನಮಸ್ಕಾರ.

1956ರ ನವೆಂಬರ್ ಕೊನೆಯ ಒಂದು ರಾತ್ರಿ ಹಂಗೇರಿಯ ಗಡಿ ದಾಟಿ, ಕಾಡುದಾರಿ ಹಿಡಿದು ಆಸ್ಟ್ರಿಯಾಕ್ಕೆ ನುಸುಳಿದ ಒಂದು ಸಣ್ಣ ಗುಂಪಿನಲ್ಲಿ ಇಪ್ಪತ್ತೊಂದು ವರ್ಷದ ಅಗೋತಾ ಕ್ರಿಸ್ತೋಫ್ ಇದ್ದರು. ನಾಲ್ಕು ತಿಂಗಳ ಮಗಳನ್ನು ಗಂಡ ಎತ್ತಿಕೊಂಡಿದ್ದರು. ಇವರ ಕೈಯಲ್ಲಿ ಎರಡು ಚೀಲಗಳಿದ್ದವು. ಒಂದರಲ್ಲಿ ಮಗುವಿನ ಹಾಲಿನ ಬಾಟಲಿ, ಬಟ್ಟೆಬರೆ; ಇನ್ನೊಂದರಲ್ಲಿ ನಿಘಂಟುಗಳು. ಆ ವರ್ಷದ ದಂಗೆಯನ್ನು ಸೋವಿಯತ್ ಸೇನೆ ಹೊಸಕಿಹಾಕಿದ ಮೇಲೆ ದೇಶ ತೊರೆದ ಸುಮಾರು ಎರಡು ಲಕ್ಷ ಜನರಲ್ಲಿ ಅವರೂ ಒಬ್ಬರು. ಮೂವತ್ತು ವರ್ಷಗಳ ಅನಂತರ, 1986ರಲ್ಲಿ, ಪ್ಯಾರಿಸ್ಸಿನ ಸೆಯ್ ಪ್ರಕಾಶನದಿಂದ ಅವರ ಮೊದಲ ಕಾದಂಬರಿ ಹೊರಬಂತು. ಅದನ್ನು ಅವರು ಬರೆದದ್ದು ಗಡಿ ದಾಟಿದ ರಾತ್ರಿ ತಮಗೆ ಬಾರದೇ ಇದ್ದ ಫ್ರೆಂಚ್ ಭಾಷೆಯಲ್ಲಿ. ನಾನು ಇವತ್ತು ಮಾತನಾಡಬೇಕೆಂದಿರುವುದು ನಡುವಿನ ಆ ಮೂವತ್ತು ವರ್ಷಗಳ ಬಗ್ಗೆ, ಮತ್ತು ಅಂಥ ವರ್ಷಗಳನ್ನು ಕಳೆದ ಇನ್ನು ಕೆಲವರ ಬಗ್ಗೆ.

ಹುಟ್ಟಿನಿಂದ ಬಂದ ಭಾಷೆಗೆ ನಮ್ಮಲ್ಲಿ ತಾಯ್ನುಡಿ ಎಂಬ ಮಾತಿದೆ. ದೊಡ್ಡವರಾದ ಮೇಲೆ ಬೇರೆ ನಾಡಿಗೆ ಹೋಗಿ, ಅಲ್ಲಿ ಬದುಕಿಗಾಗಿ ಕಲಿತು, ಕೊನೆಗೆ ಬರವಣಿಗೆಗೂ ಹಿಡಿದ ಭಾಷೆಗೆ ಅಷ್ಟು ಒಪ್ಪುವ ಹೆಸರಿಲ್ಲ. ಹೆತ್ತ ದೇವಕಿಯ ಜೊತೆಗೆ ಸಾಕಿದ ಯಶೋದೆಯನ್ನೂ ಬಲ್ಲ ನಾವು ಅದನ್ನು ಸಾಕುನುಡಿ ಎನ್ನಬಹುದೆಂದು ನನಗೆ ತೋರುತ್ತದೆ. ಮನೆಯಲ್ಲಿ ಒಂದು ಭಾಷೆ, ಬರವಣಿಗೆಯಲ್ಲಿ ಇನ್ನೊಂದು ಎಂಬ ಸ್ಥಿತಿ ಕನ್ನಡಕ್ಕೆ ಹೊಸದೇನಲ್ಲ: ಬೇಂದ್ರೆಯವರ ಮನೆಮಾತು ಮರಾಠಿ, ಮಾಸ್ತಿಯವರದು ತಮಿಳು, ಕಾರ್ನಾಡರದು ಕೊಂಕಣಿ. ಆದರೆ ಇವರಿಗೆಲ್ಲ ಕನ್ನಡ ಎಳವೆಯಿಂದಲೇ ಹೊಸ್ತಿಲಾಚೆ ಕಿವಿಗೆ ಬೀಳುತ್ತಿದ್ದ ಭಾಷೆ. ಬೆಳೆದು ನಿಂತ ಮೇಲೆ, ನಾಲಗೆ ಒಂದು ರೂಪಕ್ಕೆ ಗಟ್ಟಿಯಾದ ಮೇಲೆ, ಗಡಿಯಾಚೆ ಅಕ್ಷರಾಭ್ಯಾಸದಿಂದ ಶುರುಮಾಡುವ ಲೇಖಕನ ಪಾಡು ಬೇರೆಯದು.

ಈ ಮಾತು ಬಂದಾಗಲೆಲ್ಲ ಮೊದಲು ನೆನಪಾಗುವ ಹೆಸರು ಜೋಸೆಫ್ ಕಾನ್ರಾಡ್. 1857ರಲ್ಲಿ, ಆಗ ರಷ್ಯಾ ಸಾಮ್ರಾಜ್ಯಕ್ಕೆ ಸೇರಿದ್ದ ಬೆರ್ದಿಚೆವ್‌ನಲ್ಲಿ ಪೋಲಿಷ್ ದಂಪತಿಗೆ ಹುಟ್ಟಿದವರು. ತಂದೆ ಅಪೊಲೊ ಕೊಜೆನಿಯೊವ್ಸ್ಕಿ ಕವಿ, ಅನುವಾದಕ, ಪೋಲೆಂಡಿನ ಸ್ವಾತಂತ್ರ್ಯಕ್ಕಾಗಿ ಗಡೀಪಾರಿನ ಶಿಕ್ಷೆ ಉಂಡವರು. 1869ರಲ್ಲಿ ಕ್ರಾಕೋವ್ ನಗರದಲ್ಲಿ ಅವರ ಶವಯಾತ್ರೆ ಹೊರಟಾಗ, ಜನಸಾಗರದ ಮುಂದೆ ನಡೆದದ್ದು ಹನ್ನೊಂದು ವರ್ಷದ ಈ ಹುಡುಗ. ಇಂಥ ತಂದೆಯ ಮಗ ಹದಿನಾರನೆಯ ವಯಸ್ಸಿಗೆ ಮಾರ್ಸೇಲಿಗೆ ಹೋಗಿ ನಾವಿಕನಾದರು. 1878ರಲ್ಲಿ ಇಪ್ಪತ್ತರ ಹರೆಯದಲ್ಲಿ ಇಂಗ್ಲೆಂಡಿನ ಲೋಸ್ಟಾಫ್ಟ್ ಬಂದರಿಗೆ ಬಂದಿಳಿದಾಗ ಇಂಗ್ಲಿಷ್ ಅವರಿಗೆ, ಪೋಲಿಷ್ ಮತ್ತು ಫ್ರೆಂಚಿನ ನಂತರದ, ಇನ್ನೂ ಸರಿಯಾಗಿ ಬಾರದ ಭಾಷೆ. ಅವರು ಅದನ್ನು ಕಲಿತದ್ದು ಕರಾವಳಿಯಲ್ಲಿ ಓಡಾಡುತ್ತಿದ್ದ ಕಲ್ಲಿದ್ದಲಿನ ಹಡಗಿನ ಆಳುಗಳಿಂದ, ಸುದ್ದಿಪತ್ರಿಕೆಗಳಿಂದ, ಕಪ್ತಾನಗಿರಿಯ ಪರೀಕ್ಷೆಗಳಿಂದ. ಮೊದಲ ಕಾದಂಬರಿ ಅಚ್ಚಾದದ್ದು 1895ರಲ್ಲಿ.

ಕಾನ್ರಾಡರ ಇಂಗ್ಲಿಷಿನ ಬೇರು ಎಲ್ಲಿದೆ ಎಂದು ಯಾರಾದರೂ ಕೇಳಿದರೆ ನಾನು ಅವರ ಕಾದಂಬರಿಗಳ ಬದಲು, 1906ರಲ್ಲಿ ಪುಸ್ತಕವಾಗಿ ಬಂದ ಅವರ ಸಮುದ್ರಪ್ರಬಂಧಗಳ ಒಂದು ಪುಟವನ್ನು ತೋರಿಸುತ್ತೇನೆ. ಪತ್ರಿಕೆಗಳವರು ಹಡಗು ಲಂಗರನ್ನು ಎಸೆಯಿತೆಂದು ಬರೆಯುತ್ತಾರಲ್ಲ, ಅದು ಅಲ್ಲಿ ಅವರ ಸಿಟ್ಟಿಗೆ ಕಾರಣ. ಲಂಗರನ್ನು ಯಾರೂ ಎಸೆಯುವುದಿಲ್ಲ. ಅದು ಹಡಗಿನ ಮೂತಿಯ ಪಕ್ಕದಲ್ಲಿ ತೂಗುತ್ತಿರುತ್ತದೆ, ಕಟ್ಟು ಬಿಚ್ಚಿದರೆ ತನ್ನ ಭಾರಕ್ಕೆ ತಾನೇ ಇಳಿಯುತ್ತದೆ. ಕನ್ನಡದಲ್ಲಿ ನಾವು ಲಂಗರು ‘ಹಾಕಿ’ ಈ ಜಗಳದಿಂದ ಪಾರಾಗಿದ್ದೇವೆ. ಇಂಗ್ಲಿಷ್ ತಾಯ್ನುಡಿಯಾದ ಪತ್ರಕರ್ತನಿಗೆ ‘ಎಸೆ’ ಎಂಬ ಕ್ರಿಯಾಪದ ಬಳಕೆಯ ರೂಢಿಯಿಂದ ಕೇಳದೇ ಬಂತು. ಡೆಕ್ಕಿನ ಮೇಲೆ ನಿಂತು, ತಪ್ಪು ಶಬ್ದ ಕೂಗಿದರೆ ಯಾರದೋ ಕೈ ಮುರಿಯಬಹುದಾದ ಜಾಗದಲ್ಲಿ, ಆ ಭಾಷೆ ಕಲಿತವನಿಗೆ ಅದು ಬರಲಿಲ್ಲ. ತಾಯ್ನುಡಿಯಲ್ಲಿ ಶಬ್ದಗಳು ಮನೆಯವರ ಹಾಗೆ ಸಲೀಸಾಗಿ ಒಳಬರುತ್ತವೆ, ಸಾಕುನುಡಿಯಲ್ಲಿ ಒಂದೊಂದನ್ನೂ ಬಾಗಿಲಲ್ಲಿ ನಿಲ್ಲಿಸಿ ವಿಚಾರಿಸಬೇಕಾಗುತ್ತದೆ. ಈ ವಿಚಾರಣೆಯೇ ಕ್ರಮೇಣ ಅಂಥ ಲೇಖಕನ ಶೈಲಿಯಾಗುತ್ತದೆ ಎಂಬುದು ನನ್ನ ತಿಳಿವಳಿಕೆ. ‘ಹುಟ್ಟಾ ಇಂಗ್ಲಿಷರಷ್ಟೇ ಚೆನ್ನಾಗಿ ಬರೆದರು’ ಎಂದು ಕಾನ್ರಾಡರನ್ನು ಹೊಗಳುವವರು ಅವರ ಹೆಚ್ಚುಗಾರಿಕೆಯನ್ನು ಕಾಣದೆ ಹೊಗಳುತ್ತಿದ್ದಾರೆ.

ಅವರ ಮಾತಿನಲ್ಲಿ ಪೋಲಿಷ್ ಉಚ್ಚಾರ ಕೊನೆಯತನಕ ದಟ್ಟವಾಗಿ ಉಳಿದಿತ್ತು. ನಾಲಗೆ ಕುಲ ಹೇಳಿತು, ಲೇಖನಿ ಹೇಳಲಿಲ್ಲ. ಊರಿನವರ ಕಡೆಯಿಂದ ಏಟೂ ಬಿತ್ತು: 1899ರಲ್ಲಿ ಪೋಲಿಷ್ ಕಾದಂಬರಿಕಾರ್ತಿ ಎಲೀಜಾ ಒಜೆಷ್ಕೋವಾ, ಪ್ರತಿಭಾವಂತರ ವಲಸೆಯನ್ನು ಕುರಿತು ಬರೆಯುತ್ತ, ಹಣಕ್ಕಾಗಿ ಪರಭಾಷೆಯಲ್ಲಿ ಬರೆಯುತ್ತಿದ್ದಾರೆಂದು ಕಾನ್ರಾಡರನ್ನು ಕಟುವಾಗಿ ಜರೆದರು. ಕಾನ್ರಾಡರಾದರೋ, ತಾನು ಇಂಗ್ಲಿಷನ್ನು ಆರಿಸಿಕೊಳ್ಳಲಿಲ್ಲ, ಅದೇ ತನ್ನನ್ನು ದತ್ತು ತೆಗೆದುಕೊಂಡಿತು, ಇಂಗ್ಲಿಷಿನಲ್ಲಿ ಬರೆಯದಿದ್ದರೆ ತಾನು ಬರೆಯುತ್ತಲೇ ಇರಲಿಲ್ಲ ಎಂಬರ್ಥದ ಮಾತನ್ನು ಮುಂದೆ ದಾಖಲಿಸಿದರು. ಯಾವ ಮಗುವೂ ಸಾಕುತಾಯಿಯನ್ನು ಆರಿಸಿಕೊಳ್ಳುವುದಿಲ್ಲವಷ್ಟೆ.

ಕ್ರಿಸ್ತೋಫ್ ಅವರಿಗೆ ಈ ದತ್ತು ಅಷ್ಟು ಪ್ರೀತಿಯದಾಗಿರಲಿಲ್ಲ. ಆಕಸ್ಮಿಕವಾಗಿ ಬಂದು ತಲುಪಿದ್ದು ಸ್ವಿಟ್ಜರ್ಲೆಂಡಿನ ಫ್ರೆಂಚ್ ಮಾತಾಡುವ ನೋಶಾಟೆಲ್ ಸೀಮೆಗೆ. ಸಿಕ್ಕಿದ್ದು ಗಡಿಯಾರದ ಕಾರ್ಖಾನೆಯಲ್ಲಿ ಕೆಲಸ. ಬೆಳಗಿನ ಕತ್ತಲಲ್ಲೇ ಎದ್ದು, ಮಗುವನ್ನು ಶಿಶುವಿಹಾರದಲ್ಲಿ ಬಿಟ್ಟು, ದಿನವಿಡೀ ಯಂತ್ರದ ಮುಂದೆ. ಆ ಯಂತ್ರದ ಏಕತಾನದ ಲಯ ಪದ್ಯಕ್ಕೆ ಒಗ್ಗುತ್ತಿತ್ತು ಎಂದು ಅವರು ಆಮೇಲೆ ನೆನೆದಿದ್ದಾರೆ. ಮೇಜಿನ ಸೆಳೆಖಾನೆಯಲ್ಲಿ ಕಾಗದ, ಪೆನ್ಸಿಲ್ ಇಟ್ಟುಕೊಂಡು, ತಲೆಯಲ್ಲಿ ಕಟ್ಟಿದ ಸಾಲುಗಳನ್ನು ಗೀಚಿ, ರಾತ್ರಿ ಮನೆಯಲ್ಲಿ ನೋಟ್‌ಬುಕ್ಕಿಗೆ ಇಳಿಸುತ್ತಿದ್ದರು. ಆ ಪದ್ಯಗಳೆಲ್ಲ ಹಂಗೇರಿಯನ್ ಭಾಷೆಯವು. ಸುತ್ತ ಅದನ್ನು ಓದಬಲ್ಲವರು ಹೆಚ್ಚಿರಲಿಲ್ಲ. ಜೊತೆಯ ಕೆಲಸಗಾರರಿಂದ ನಿತ್ಯದ ಫ್ರೆಂಚ್ ಮಾತು ಬಂತು, ಓದು ಬರಲಿಲ್ಲ. ನಾಲ್ಕನೆಯ ವಯಸ್ಸಿಗೇ ಓದಲು ಕಲಿತು, ಕೈಗೆ ಸಿಕ್ಕಿದ ಅಚ್ಚುಕಾಗದವನ್ನೆಲ್ಲ ಓದುವ ಗೀಳು ಹತ್ತಿಸಿಕೊಂಡಿದ್ದ ಹೆಂಗಸು, ಹೊಸ ದೇಶಕ್ಕೆ ಬಂದು ಐದು ವರ್ಷವಾದರೂ ಫ್ರೆಂಚ್ ಓದಲಾರದೆ ಮತ್ತೆ ನಿರಕ್ಷರಿಯಾದರು. 2004ರಲ್ಲಿ ಬಂದ ತಮ್ಮ ಪುಟ್ಟ ಆತ್ಮಕಥನಕ್ಕೆ ಅವರು ಇಟ್ಟ ಹೆಸರೇ ‘ನಿರಕ್ಷರಿ’. ಮಗಳು ಶಾಲೆಗೆ ಹೋಗುವ ವಯಸ್ಸಿಗೆ ಬಂದಾಗ ತಾಯಿಯೂ ವಿಶ್ವವಿದ್ಯಾಲಯದ ಬೇಸಿಗೆ ತರಗತಿಗೆ, ಪರದೇಶಿಯರಿಗೆಂದು ನಡೆಯುತ್ತಿದ್ದ ಫ್ರೆಂಚ್ ಪಾಠಕ್ಕೆ ಸೇರಿದರು.

ಈ ಹಿನ್ನೆಲೆಯಲ್ಲಿ ಅವರ ಮೊದಲ ಕಾದಂಬರಿಯ ಒಂದು ಅಧ್ಯಾಯವನ್ನು ಓದಬೇಕು. ಯುದ್ಧಕಾಲದಲ್ಲಿ ಅಜ್ಜಿಯ ಮನೆಗೆ ಬಂದ ಅವಳಿ ಹುಡುಗರು ತಾವೇ ತಮಗೆ ಪ್ರಬಂಧ ಬರೆಯುವ ಪಾಠ ಮಾಡಿಕೊಳ್ಳುತ್ತಾರೆ. ಬರೆದದ್ದು ಚೆನ್ನಾಗಿದೆಯೋ ಇಲ್ಲವೋ ಎಂದು ತೀರ್ಮಾನಿಸಲು ಒಂದೇ ನಿಯಮ: ಅದು ನಿಜವಾಗಿರಬೇಕು. ತಾವು ಅಕ್ರೋಟು ಬಹಳ ತಿನ್ನುತ್ತೇವೆ ಎಂದು ಬರೆಯಬಹುದು. ಅಕ್ರೋಟು ಪ್ರಿಯ ಎಂದು ಬರೆಯುವಂತಿಲ್ಲ, ಏಕೆಂದರೆ ಆ ಪದ ನಂಬಿಕೆಗೆ ಅರ್ಹವಲ್ಲ. ಅಕ್ರೋಟಿಗೂ ಅಮ್ಮನಿಗೂ ಒಂದೇ ಕ್ರಿಯಾಪದ ಹೇಗೆ ಸಲ್ಲುತ್ತದೆ ಎಂಬುದು ಹುಡುಗರ ತಕರಾರು. ಈ ಪುಟವನ್ನು ಕನ್ನಡಕ್ಕೆ ತರಲು ನಾನೊಮ್ಮೆ ಪ್ರಯತ್ನಿಸಿ ಸೋತಿದ್ದೇನೆ. ನಮ್ಮಲ್ಲಿ ಅಕ್ರೋಟಿಗೆ ‘ಇಷ್ಟ’ ಇದೆ, ಅಮ್ಮನಿಗೆ ‘ಪ್ರೀತಿ’ ಇದೆ, ಹುಡುಗರ ತಕರಾರಿಗೆ ನೆಲೆಯೇ ಇಲ್ಲ. ಕುತೂಹಲದ ಸಂಗತಿ ಇನ್ನೊಂದಿದೆ. ಫ್ರೆಂಚಿನಲ್ಲಿರುವ ಹಾಗೆ ಹಂಗೇರಿಯನ್ ಭಾಷೆಯಲ್ಲೂ ತಿಂಡಿಗೂ ತಾಯಿಗೂ ಒಂದೇ ಕ್ರಿಯಾಪದ ನಡೆಯುತ್ತದೆ. ಎಂದರೆ ಈ ಗೊಂದಲ ಅವರ ತಾಯ್ನುಡಿಯಲ್ಲೂ ಇತ್ತು. ಅಲ್ಲಿ ಹುಟ್ಟಿನಿಂದ ಕೇಳಿದ ಕಿವಿ ಅದರ ಮೇಲೆ ಜಾರಿಕೊಂಡು ಹೋಗುತ್ತಿತ್ತೇನೋ. ನಿಘಂಟು ತೆರೆದು, ಬೆರಳಿಟ್ಟು, ಒಂದೊಂದೇ ಪದ ಕಲಿತವರಿಗೆ ಮಾತ್ರ ಅಲ್ಲಿ ಎಡವಿ ನಿಲ್ಲುವುದು ಸಾಧ್ಯವಾಯಿತು. ಇಡೀ ಕಾದಂಬರಿ ಆ ಎಡವುವಿಕೆಯಿಂದಲೇ ಕಟ್ಟಿದ್ದು: ಚಿಕ್ಕ ಅಧ್ಯಾಯಗಳು, ವರ್ತಮಾನ ಕಾಲ, ಭಾವವಾಚಕಗಳಿಲ್ಲದ ಗಿಡ್ಡ ವಾಕ್ಯಗಳು. ಭಾಷೆಯ ಬಡತನವನ್ನು ಅವರು ಮುಚ್ಚಿಡಲಿಲ್ಲ, ಕತೆಯ ಕಾನೂನನ್ನಾಗಿ ಮಾಡಿದರು.

ಹಾಗಿದ್ದರೂ ಫ್ರೆಂಚನ್ನು ಅವರು ಶತ್ರುಭಾಷೆ ಎಂದೇ ಕರೆದರು. ಬಾಲ್ಯದಲ್ಲಿ ಗಡಿಯೂರು ಕೋಸೆಗ್‌ನಲ್ಲಿ ಕೇಳಿದ ಜರ್ಮನ್, ಯುದ್ಧಾನಂತರ ಶಾಲೆಯಲ್ಲಿ ಕಡ್ಡಾಯವಾದ ರಷ್ಯನ್, ಇವೂ ಶತ್ರುಭಾಷೆಗಳೇ. ಫ್ರೆಂಚಿನ ಅಪರಾಧ ಹೆಚ್ಚಿನದು: ಅದು ತಮ್ಮೊಳಗಿನ ತಾಯ್ನುಡಿಯನ್ನು ಕೊಲ್ಲುತ್ತಿದೆ ಎಂದು ಅವರು ಬರೆದರು. ಸಾಕುನುಡಿಯ ಲೇಖಕರನ್ನು ಸನ್ಮಾನಿಸುವ ಸಭೆಗಳಲ್ಲಿ ಈ ಮಾತನ್ನು ಯಾರೂ ಎತ್ತುವುದಿಲ್ಲ.

ಅದನ್ನು ಬೇರೊಂದು ಬಗೆಯಲ್ಲಿ ಹೇಳಿದವರು ವ್ಲದೀಮಿರ್ ನಬೊಕೊವ್. ಸೇಂಟ್ ಪೀಟರ್ಸ್‌ಬರ್ಗಿನ ಸಿರಿವಂತ ಮನೆಯಲ್ಲಿ ಮಗುವಾಗಿದ್ದಾಗಲೇ ಇಂಗ್ಲಿಷ್ ಓದಲು ಕಲಿತವರು. ಕೊರತೆಯೆಂಬುದು ಇದ್ದರೆ ಕಾನ್ರಾಡರಿಗಿಂತ, ಕ್ರಿಸ್ತೋಫರಿಗಿಂತ ಎಷ್ಟೋ ಕಡಿಮೆ. ಬರ್ಲಿನ್ನಿನ ವಲಸಿಗರ ನಡುವೆ ಸಿರಿನ್ ಎಂಬ ಹೆಸರಿನಲ್ಲಿ ರಷ್ಯನ್ ಕಾದಂಬರಿಕಾರರಾಗಿ ಬೆಳೆದಿದ್ದವರು, ಆ ಓದುಗರೇ ಚದುರಿಹೋಗುತ್ತಿದ್ದಾಗ, ಪ್ಯಾರಿಸ್ಸಿನ ಇಕ್ಕಟ್ಟಾದ ಮನೆಯ ಬಚ್ಚಲುಕೋಣೆಯಲ್ಲಿ ಸೂಟ್‌ಕೇಸನ್ನೇ ಮೇಜು ಮಾಡಿಕೊಂಡು ಮೊದಲ ಇಂಗ್ಲಿಷ್ ಕಾದಂಬರಿ ಬರೆದರು. 1940ರಲ್ಲಿ ಅಮೆರಿಕ ಸೇರಿದರು. 1955ರಲ್ಲಿ ಬಂದ ‘ಲೊಲಿತಾ’ ಅವರನ್ನು ಜಗತ್ಪ್ರಸಿದ್ಧರನ್ನಾಗಿಸಿತು. ಅದಕ್ಕೆ ಬರೆದ ಹಿನ್ನುಡಿಯಲ್ಲೇ, ತನ್ನ ಸಮೃದ್ಧ ರಷ್ಯನ್ನನ್ನು ಬಿಟ್ಟು ಎರಡನೆಯ ದರ್ಜೆಯ ಇಂಗ್ಲಿಷಿಗೆ ಬರಬೇಕಾದದ್ದು ತನ್ನ ಖಾಸಗಿ ದುರಂತ ಎಂದರು. ಆ ಹಿನ್ನುಡಿಯ ಇಂಗ್ಲಿಷ್ ಓದಿದವರು ಇದನ್ನು ವಿನಯದ ನಟನೆ ಎಂದು ತಳ್ಳಿಹಾಕಬಹುದು. ಆದರೆ ಅದೇ ಕಾದಂಬರಿಯನ್ನು ತಾವೇ ರಷ್ಯನ್ನಿಗೆ ಅನುವಾದಿಸಿ 1967ರಲ್ಲಿ ಪ್ರಕಟಿಸಿದಾಗ ಮತ್ತೊಂದು ಹಿನ್ನುಡಿ ಬರೆದರು: ಇಷ್ಟು ವರ್ಷ ಬೀಗದಕೈ ಜೋಪಾನ ಮಾಡಿಕೊಂಡು ಕಾದಿದ್ದ ಬಾಗಿಲನ್ನು ತೆರೆದರೆ ಒಳಗೆ ಅಂದುಕೊಂಡದ್ದು ಏನೂ ಇರಲಿಲ್ಲ ಎಂಬುದು ಅಲ್ಲಿನ ಅಳಲು. ಕಾಯ್ದಿಟ್ಟ ಭಾಷೆ ಕಾಯ್ದಿಟ್ಟಲ್ಲೇ ತುಕ್ಕು ಹಿಡಿದಿತ್ತು.

ಇಂಗ್ಲಿಷ್ ಬಿಟ್ಟು ಫ್ರೆಂಚಿನಲ್ಲಿ ಬರೆಯತೊಡಗಿದ ಐರ್ಲೆಂಡಿನ ನಾಟಕಕಾರ ಬೆಕೆಟ್, ಬಂಗಾಳಿ ತಂದೆತಾಯಿಯ ಮಗಳಾಗಿ ಅಮೆರಿಕದಲ್ಲಿ ಬೆಳೆದು 2012ರಲ್ಲಿ ರೋಮಿಗೆ ಹೋಗಿ ಇಟಾಲಿಯನ್ನಿನಲ್ಲಿ ಬರೆಯತೊಡಗಿದ ಜುಂಪಾ ಲಾಹಿರಿ, ಇಂಥವರನ್ನು ನಾನು ಈ ಸಾಲಿನಲ್ಲಿ ಹಿಡಿದು ನಿಲ್ಲಿಸುವುದಿಲ್ಲ. ಅವರು ತಾವಾಗಿ ಉಪವಾಸ ಹಿಡಿದವರು. ಅನ್ನವಿಲ್ಲದೆ ಹಸಿದವರ ಜೊತೆ ಅವರನ್ನು ಕೂರಿಸಿದರೆ ಇಬ್ಬರಿಗೂ ಅನ್ಯಾಯವಾದೀತು.

ಕೊರತೆಯಿಂದಲ್ಲದೆ ಹೊತ್ತು ತಂದದ್ದರಿಂದ ಬರೆದವರೂ ಇದ್ದಾರೆ. ಟರ್ಕಿಯ ಎಮಿನೆ ಸೆವ್ಗಿ ಒಜ್ದಾಮಾರ್ 1965ರಲ್ಲಿ, ಇನ್ನೂ ಇಪ್ಪತ್ತು ತುಂಬದ ವಯಸ್ಸಿನಲ್ಲಿ, ಪಶ್ಚಿಮ ಬರ್ಲಿನ್ನಿನ ಕಾರ್ಖಾನೆಗೆ ಕೆಲಸಕ್ಕೆ ಬಂದವರು. 1990ರಲ್ಲಿ ಬಂದ ಅವರ ಮೊದಲ ಜರ್ಮನ್ ಕಥಾಸಂಕಲನದ ಹೆಸರು ‘ಮುಟರ್‌ತ್ಸುಂಗೆ’. ಜರ್ಮನ್ ಭಾಷೆಯಲ್ಲಿ ತಾಯ್ನುಡಿಗೆ ರೂಢಿಯ ಪದ ‘ಮುಟರ್‌ಶ್ಪ್ರಾಖೆ’, ತಾಯಿಯ ಮಾತು. ಟರ್ಕಿಷ್‌ನ ‘ದಿಲ್’ ಮಾತ್ರ ನುಡಿಯೂ ಹೌದು, ನಾಲಗೆಯೂ ಹೌದು. ಆ ಟರ್ಕಿಷ್ ಪದವನ್ನು ಹಾಗೆಯೇ ಜರ್ಮನ್ನಿಗೆ ಇಳಿಸಿ ಅವರು ‘ತಾಯಿನಾಲಗೆ’ ಎಂದರು. ವ್ಯಾಕರಣದ ಮೇಷ್ಟ್ರ ಕೆಂಪು ಶಾಯಿಗೆ ಅದು ತಪ್ಪು. ಕಿವಿಗೆ ಮಾತ್ರ ಭಾಷೆಯೊಳಗೆ ಥಟ್ಟನೆ ಒಂದು ಬಾಯಿ, ಒಂದು ಮೈ ಕಾಣಿಸಿಕೊಂಡ ಹಾಗಿತ್ತು. 2022ರಲ್ಲಿ ಅವರಿಗೆ ಜರ್ಮನ್ ಸಾಹಿತ್ಯದ ಅತಿ ಗೌರವದ ಬ್ಯೂಖ್ನರ್ ಪ್ರಶಸ್ತಿ ಬಂತು.

ಅದಕ್ಕೂ ಬಹಳ ಮೊದಲು, 1999ರಲ್ಲಿ, ಅವರಿಗೆ ಸಿಕ್ಕಿದ್ದು ಶಾಮಿಸ್ಸೊ ಪ್ರಶಸ್ತಿ. ಫ್ರೆಂಚ್ ಕ್ರಾಂತಿಯ ಕಾಲದಲ್ಲಿ ಮನೆಯವರೊಡನೆ ಓಡಿಬಂದು ಜರ್ಮನ್ ಲೇಖಕರಾದ, ನೆರಳನ್ನೇ ಮಾರಿಕೊಂಡವನ ಕತೆ ಬರೆದ ಶಾಮಿಸ್ಸೊ ಹೆಸರಿನಲ್ಲಿ, ಜರ್ಮನ್ ತಾಯ್ನುಡಿಯಲ್ಲದ ಲೇಖಕರಿಗೆಂದೇ 1985ರಿಂದ ಕೊಡುತ್ತಿದ್ದ ಗೌರವ ಅದು. ಬಾಗಿಲು ತೆರೆದ ಪ್ರಶಸ್ತಿಯೇ ಪ್ರತ್ಯೇಕ ಪಂಕ್ತಿಯೂ ಆಯಿತು. ತಮ್ಮನ್ನು ಲೇಖಕರೆನ್ನದೆ ‘ವಲಸಿಗ ಲೇಖಕ’ರೆಂದು ಕಪಾಟಿನ ಬೇರೊಂದು ಹಲಗೆಯಲ್ಲಿ ಇಡುವುದು ಹಲವರಿಗೆ ಹಿಡಿಸಲಿಲ್ಲ. ಉದ್ದೇಶ ಈಡೇರಿತೆಂದು ಹೇಳಿ 2017ರಲ್ಲಿ ಅದನ್ನು ನಿಲ್ಲಿಸಿದರು. ಬೋಸ್ನಿಯಾದ ಯುದ್ಧದಿಂದ ಹದಿನಾಲ್ಕರ ಹುಡುಗನಾಗಿ ಬಂದ ಸಾಶಾ ಸ್ಟಾನಿಶಿಚ್ 2008ರಲ್ಲಿ ಆ ಹಲಗೆಯ ಮೇಲಿದ್ದರು, 2019ರಲ್ಲಿ ಎಲ್ಲರಿಗೂ ತೆರೆದ ಜರ್ಮನ್ ಪುಸ್ತಕ ಪ್ರಶಸ್ತಿಯನ್ನೇ ಗೆದ್ದರು.

ಮತ್ತೆ ಕ್ರಿಸ್ತೋಫ್ ಅವರ ಎರಡು ಚೀಲಗಳಿಗೆ ಬರುತ್ತೇನೆ. ಮೂವತ್ತು ವರ್ಷ ಮಾತಾಡಿ, ಇಪ್ಪತ್ತು ವರ್ಷ ಬರೆದ ಮೇಲೂ ಫ್ರೆಂಚ್ ತನಗೆ ಪೂರಾ ಬಾರದು, ಪದೇ ಪದೇ ನಿಘಂಟು ನೋಡದೆ ಬರೆಯಲಾರೆ ಎಂದು ಅವರು ಒಪ್ಪಿಕೊಂಡಿದ್ದರು. ನಬೊಕೊವ್ ತಮ್ಮ ಕಾದಂಬರಿಯನ್ನು ತಾವೇ ಹಿಂದಕ್ಕೆ ಕೊಂಡೊಯ್ದರು. ಇವರದ್ದು ತಾಯ್ನುಡಿಗೆ ಹೋದದ್ದು ರಾಬರ್ಟ್ ಬೊಗ್ನಾರ್ ಎಂಬ ಅನುವಾದಕರ ಕೈಯಿಂದ. ಬುಡಾಪೆಸ್ಟಿನಲ್ಲಿ ಆ ಪುಸ್ತಕ ಅಚ್ಚಾದದ್ದು 1989ರಲ್ಲಿ. ಆಸ್ಟ್ರಿಯಾದ ಗಡಿಯಲ್ಲಿ ಹಂಗೇರಿ ತನ್ನ ಮುಳ್ಳುತಂತಿಯ ಬೇಲಿಯನ್ನು ಕತ್ತರಿಸಿ ಸುತ್ತಿಡತೊಡಗಿದ್ದೂ ಅದೇ ವರ್ಷ.