ತಿದ್ದಿ ಬಂದ ಉತ್ತರ

ಕೇಳುಗರಿಗೆ ನಮಸ್ಕಾರ. ದುಡಿಯುತ್ತಲೇ ಓದುವ ವಯಸ್ಕರ ದೂರಶಿಕ್ಷಣದ ಚರಿತ್ರೆಯನ್ನು ಅಂಚೆ, ಬಾನುಲಿ, ದೂರದರ್ಶನ, ಅಂತರ್ಜಾಲ ಎಂದು ಸಾಧನಗಳ ಕಥೆಯಾಗಿ ಹೇಳುವುದು ವಾಡಿಕೆ. ಆದರೆ ಪಾಠ ಮನೆಗೆ ಹೇಗೆ ತಲುಪಿತು ಎಂಬುದಕ್ಕಿಂತ, ವಿದ್ಯಾರ್ಥಿ ಬರೆದುದನ್ನು ಯಾರು ಓದಿ ತಿದ್ದಿದರು ಎಂಬುದೇ ಇಲ್ಲಿ ಹೆಚ್ಚು ಮುಖ್ಯವೆಂದು ನಾನು ನಂಬಿದ್ದೇನೆ.

1840ರಲ್ಲಿ ಬ್ರಿಟನ್ನಿನಲ್ಲಿ ಒಂದು ಪೆನ್ನಿ ನಾಣ್ಯದ ದರದಲ್ಲಿ ದೇಶದ ಯಾವ ಮೂಲೆಗಾದರೂ ಕಾಗದ ತಲುಪಿಸುವ ಏರ್ಪಾಡು ಬಂದಾಗ, ಐಸಾಕ್ ಪಿಟ್ಮನ್ ತಾವು ರೂಪಿಸಿದ ಶೀಘ್ರಲಿಪಿಯನ್ನು ಅಂಚೆಯ ಮೂಲಕ ಕಲಿಸತೊಡಗಿದರು. ಕಲಿಯುವವರು ಬೈಬಲ್ಲಿನ ಭಾಗಗಳನ್ನು ಆ ಲಿಪಿಯಲ್ಲಿ ಬರೆದು ಕಳುಹಿಸುತ್ತಿದ್ದರು. ತಪ್ಪು ತಿದ್ದಿದ ಹಾಳೆ ಅವರ ಮನೆಗೆ ಮರಳುತ್ತಿತ್ತು. 1858ರಲ್ಲಿ ಲಂಡನ್ ವಿಶ್ವವಿದ್ಯಾನಿಲಯವು ಎಲ್ಲಿ ಓದಿದವರಾದರೂ ತನ್ನ ಪದವಿ ಪರೀಕ್ಷೆಗೆ ಕೂರಬಹುದೆಂದು ಸಾರಿತು. ಅದು ದೊಡ್ಡ ಹೆಜ್ಜೆಯೇ ಹೌದು, ಆದರೆ ಅಂಥವರಿಗೆ ಪಾಠ ಹೇಳುವ ಹೊಣೆಯನ್ನು ಅದು ಹೊರಲಿಲ್ಲ.

ಆ ಕೊರತೆಯನ್ನು ತುಂಬಿದ್ದು ಬ್ರಿಟನ್ನಿನ ಮುಕ್ತ ವಿಶ್ವವಿದ್ಯಾನಿಲಯ. ಪ್ರಧಾನಿ ಹೆರಾಲ್ಡ್ ವಿಲ್ಸನ್ ಅವರ ಆಶಯವನ್ನು, ಗಣಿ ಕಾರ್ಮಿಕರ ಮಗಳಾದ ಸಚಿವೆ ಜೆನ್ನಿ ಲೀ ಹಟ ಹಿಡಿದು ಕಾರ್ಯರೂಪಕ್ಕೆ ತಂದರು. 1971ರ ಆರಂಭದಲ್ಲಿ ಪಾಠಗಳು ಶುರುವಾದಾಗ ಯಾವ ಪೂರ್ವ ಪದವಿಯನ್ನೂ, ಶಾಲಾ ಪ್ರಮಾಣಪತ್ರವನ್ನೂ ಕೇಳದೆ ಪ್ರವೇಶ ನೀಡಲಾಯಿತು. ಬಿಬಿಸಿಯ ಪ್ರಸಾರಗಳು ಜನರ ಗಮನ ಸೆಳೆದವು. ವಿಜ್ಞಾನದ ವಿದ್ಯಾರ್ಥಿಗಳಿಗೆ ಪುಟ್ಟ ಸೂಕ್ಷ್ಮದರ್ಶಕವೂ ಸೇರಿದ ಪ್ರಯೋಗದ ಪೆಟ್ಟಿಗೆ ಮನೆ ಬಾಗಿಲಿಗೇ ಬಂತು. ಆದರೂ ಆ ಸಂಸ್ಥೆಯ ಜೀವಾಳವಾಗಿದ್ದವರು, ಪ್ರತಿಯೊಂದು ಬರವಣಿಗೆಯನ್ನೂ ಓದಿ ಅಂಚಿನಲ್ಲಿ ಟಿಪ್ಪಣಿ ಬರೆದು ಹಿಂತಿರುಗಿಸುತ್ತಿದ್ದ ಅರೆಕಾಲಿಕ ಬೋಧಕರು.

ನಮ್ಮಲ್ಲಿ 1962ರಲ್ಲಿ ದೆಹಲಿ ವಿಶ್ವವಿದ್ಯಾನಿಲಯ ಅಂಚೆ ಶಿಕ್ಷಣವನ್ನು ಆರಂಭಿಸಿತು; 1969ರಲ್ಲಿ ಮೈಸೂರು ವಿಶ್ವವಿದ್ಯಾನಿಲಯವೂ ಆ ಹಾದಿ ಹಿಡಿಯಿತು. ದೇಶದ ಮೊದಲ ಮುಕ್ತ ವಿಶ್ವವಿದ್ಯಾನಿಲಯ 1982ರಲ್ಲಿ ಹೈದರಾಬಾದಿನಲ್ಲಿ ಹುಟ್ಟಿತು. ಮೈಸೂರಿನ ಅಂಚೆ ತೆರಪಿನ ಶಿಕ್ಷಣವೇ ಬೆಳೆದು 1996ರಲ್ಲಿ ಕರ್ನಾಟಕ ರಾಜ್ಯ ಮುಕ್ತ ವಿಶ್ವವಿದ್ಯಾನಿಲಯವಾಯಿತು. ಹಗಲು ಕಚೇರಿಯಲ್ಲೋ ಅಂಗಡಿಯಲ್ಲೋ ದುಡಿದು, ರಾತ್ರಿ ಸಿದ್ಧಪಾಠ ಓದಿ, ರಜೆ ಹಾಕಿ ಸಂಪರ್ಕ ತರಗತಿಗೆ ಬಸ್ಸು ಹತ್ತುವವರಿಗೆ ಅದು ಎರಡನೆಯ ಅವಕಾಶವಾಯಿತು. ಮದುವೆಯ ಕಾರಣಕ್ಕೆ ಓದು ಬಿಟ್ಟ ಹೆಣ್ಣುಮಕ್ಕಳಿಗಂತೂ ಎಷ್ಟೋ ಸಲ ಅದೊಂದೇ ದಾರಿ.

ಈಗ ಪಾಠಗಳು ಮೊಬೈಲಿನಲ್ಲೇ ಸಿಗುತ್ತವೆ, ಅದು ಸಂತೋಷದ ಸಂಗತಿ. ಆದರೆ ಹೊಸದಾಗಿ ಪ್ರವೇಶ ಪಡೆಯುವವರು ಶುಲ್ಕ ಕಟ್ಟುವ ಮೊದಲು ಇದೊಂದನ್ನು ವಿಚಾರಿಸಬೇಕೆಂದು ನನ್ನ ವಿನಂತಿ: ನಾವು ಬರೆದ ಅಸೈನ್‌ಮೆಂಟನ್ನು ಯಾರು ಓದುತ್ತಾರೆ, ಟಿಪ್ಪಣಿಯೊಂದಿಗೆ ಅದು ಎಷ್ಟು ದಿನಗಳಲ್ಲಿ ನಮ್ಮ ಕೈಸೇರುತ್ತದೆ?