ಅಣ್ಣ ತಮಾಷೆಗೆ ಕೊಟ್ಟ ಆಲ್ಬಂ

ಎಲ್ಲರಿಗೂ ನಮಸ್ಕಾರ.

ಮಂಗಳೂರಿನಲ್ಲಿ ನಿಂತು ಸ್ಯಾಕ್ಸೊಫೋನ್ ಎಂದರೇನು ಎಂದು ವಿವರಿಸಲು ಹೊರಟರೆ ನೀವೆಲ್ಲ ಎದ್ದು ಕಾಫಿಗೆ ಹೋಗುತ್ತೀರಿ. ಈ ಕರಾವಳಿಯಲ್ಲಿ ಮದುವೆಯ ಧಾರೆಗೆ, ದೇವಸ್ಥಾನದ ಉತ್ಸವಕ್ಕೆ, ನಾಗಮಂಡಲಕ್ಕೆ ಅದು ಬೇಕೇ ಬೇಕು. ಬೆಲ್ಜಿಯಂನ ಅಡಾಲ್ಫ್ ಸ್ಯಾಕ್ಸ್ 1846ರಲ್ಲಿ ಪ್ಯಾರಿಸ್ಸಿನಲ್ಲಿ ಪೇಟೆಂಟ್ ಪಡೆದಾಗ ಅವನ ಕಣ್ಣಿದ್ದದ್ದು ಮಿಲಿಟರಿ ಬ್ಯಾಂಡಿನ ಮೇಲೆ. ತನ್ನ ಹಿತ್ತಾಳೆ ಕೊಳವೆ ಒಂದು ದಿನ ಗುಡಿಯ ಅಂಗಳದಲ್ಲಿ ಡೋಲಿನ ಪಕ್ಕ ಹೆಜ್ಜೆ ಹಾಕುತ್ತದೆಂದು ಅವನು ಕನಸಿನಲ್ಲೂ ಎಣಿಸಿರಲಾರ. ಮುಂದಿನ ಸಾಲಿನ ನಾಲ್ಕೈದು ಹುಡುಗರ ಕಾಲ ಬಳಿ ವಾದ್ಯದ ಪೆಟ್ಟಿಗೆ ಕಾಣುತ್ತಿದೆ. ನನ್ನ ಮಾತು ಮುಖ್ಯವಾಗಿ ಅವರಿಗೆ. ನಾನು ವಾದಕನಲ್ಲ, ಬರೀ ಕೇಳುಗ. ಆ ಸಲುಗೆಯಿಂದಲೇ ಮಾತನಾಡುತ್ತೇನೆ.

ಇಂದಿನ ವಿಷಯ ರುದ್ರೇಶ್ ಮಹಾಂತಪ್ಪ. ಹೆಸರು ಕೇಳಿದರೆ ದಾವಣಗೆರೆಯ ಜವಳಿ ಅಂಗಡಿಯವರೋ ಹಾವೇರಿಯ ಹೈಸ್ಕೂಲು ಮೇಷ್ಟರೋ ಕಣ್ಣ ಮುಂದೆ ಬರಬೇಕು. ಇವರು ಅಮೆರಿಕದ ಇಂದಿನ ಜಾಝ್ ಲೋಕದ ಮುಂಚೂಣಿಯ ಆಲ್ಟೊ, ಅಂದರೆ ನಡುಗಾತ್ರದ ಸ್ಯಾಕ್ಸೊಫೋನ್, ವಾದಕರು. ‘ಡೌನ್‌ಬೀಟ್’ ಎಂಬ ಜಾಝ್ ಪತ್ರಿಕೆಯ ವಿಮರ್ಶಕರು ಹಲವು ವರ್ಷ ಆಲ್ಟೊ ವಾದಕರಲ್ಲಿ ಮೊದಲ ಸ್ಥಾನ ಕೊಟ್ಟದ್ದು ಇವರಿಗೆ. 2016ರಿಂದ ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದ ಜಾಝ್ ವಿಭಾಗದ ನಿರ್ದೇಶಕರು. ಇಷ್ಟು ಹೇಳಿದ ಕೂಡಲೇ ನಮ್ಮಲ್ಲಿ ‘ನಮ್ಮ ಹುಡುಗ’ ಎಂಬ ಹೆಮ್ಮೆ ಉಕ್ಕುತ್ತದೆ. ಸ್ವಲ್ಪ ತಡೆಯಿರಿ. ಈ ವ್ಯಕ್ತಿ ಅರ್ಧ ಆಯುಷ್ಯ ಗುದ್ದಾಡಿದ್ದೇ ಇಂಥ ಮಾತಿನ ಜೊತೆ.

ಹುಟ್ಟಿದ್ದು 1971ರಲ್ಲಿ, ಇಟಲಿಯ ಟ್ರಿಯೆಸ್ಟ್‌ನಲ್ಲಿ. ತಂದೆ ಭೌತವಿಜ್ಞಾನಿ, ಟ್ರಿಯೆಸ್ಟ್ ಎಂದರೆ ಅಬ್ದುಸ್ ಸಲಾಂ ಕಟ್ಟಿದ ಸೈದ್ಧಾಂತಿಕ ಭೌತವಿಜ್ಞಾನ ಕೇಂದ್ರದ ಊರು. ಬೆಳೆದದ್ದು ಅಮೆರಿಕದ ಕೊಲರಾಡೊ ರಾಜ್ಯದ ಬೋಲ್ಡರ್‌ನಲ್ಲಿ, ಬೆಟ್ಟದ ಬುಡದ ವಿಶ್ವವಿದ್ಯಾಲಯದ ಊರಿನಲ್ಲಿ. ಹೆತ್ತವರ ಮಾತು ಕನ್ನಡ. ಆದರೆ ಮನೆಯಲ್ಲಿ ಕಚೇರಿ ಸಂಗೀತದ ಪಾಠ ಇರಲಿಲ್ಲ. ಹುಡುಗ ಶಾಲೆಯಲ್ಲೇ ಸ್ಯಾಕ್ಸೊಫೋನ್ ಹಿಡಿದ. ಕೇಳುತ್ತಿದ್ದದ್ದು ಗ್ರೋವರ್ ವಾಷಿಂಗ್ಟನ್ ಜೂನಿಯರ್, ಡೇವಿಡ್ ಸ್ಯಾನ್‌ಬೋರ್ನ್, ಬ್ರೆಕರ್ ಸೋದರರನ್ನು. ಅಂದರೆ ಆ ಕಾಲದ ರೇಡಿಯೊದಲ್ಲಿ ಯಾವ ಅಮೆರಿಕನ್ ಹುಡುಗನಿಗೂ ಸಿಗುತ್ತಿದ್ದ ಸಂಗೀತವನ್ನು. ಆಮೇಲೆ ಹಳೆಯ ತಲೆಮಾರಿನ ಮಹಾನ್ ಆಲ್ಟೊ ವಾದಕ ಚಾರ್ಲಿ ಪಾರ್ಕರ್ ಅವರ ಧ್ವನಿಮುದ್ರಿಕೆಗಳು ಸಿಕ್ಕವು. ಆ ಗುಂಗು ಇವತ್ತಿಗೂ ಇಳಿದಿಲ್ಲ.

ಮುಂದೆ ಸ್ವಲ್ಪ ಕಾಲ ನಾರ್ತ್ ಟೆಕ್ಸಸ್, ಆಮೇಲೆ ಬಾಸ್ಟನ್ನಿನ ಬರ್ಕ್ಲಿ ಸಂಗೀತ ಕಾಲೇಜು. ಅಲ್ಲಿಗೆ ಬರುವಷ್ಟರಲ್ಲಿ ಹೆಸರು ಭಾರವಾಗತೊಡಗಿತು. ಮಹಾಂತಪ್ಪ ಎಂಬ ಹೆಸರು, ಕಂದು ಬಣ್ಣ. ಹಾಗಾದರೆ ರಾಗ, ತಾಳ ಎಲ್ಲ ರಕ್ತದಲ್ಲೇ ಇರಬೇಕು ಎಂದು ಎದುರಿನವರು ತೀರ್ಮಾನಿಸಿಬಿಡುತ್ತಿದ್ದರು. ಗೊತ್ತಿಲ್ಲ ಎಂದರೆ ಅವಮಾನ, ಗೊತ್ತು ಎಂದರೆ ಸುಳ್ಳು. ಹೊರದೇಶದಲ್ಲಿ ಮಕ್ಕಳನ್ನು ಬೆಳೆಸಿದ ನಿಮ್ಮ ನೆಂಟರಿದ್ದರೆ ಆ ಮಕ್ಕಳನ್ನು ಕೇಳಿ ನೋಡಿ. ಈ ಇಕ್ಕಟ್ಟು ಅವರಿಗೆ ಚೆನ್ನಾಗಿ ಗೊತ್ತಿರುತ್ತದೆ.

ಬರ್ಕ್ಲಿಯ ಆ ದಿನಗಳಲ್ಲೇ ಅಣ್ಣ ಒಂದು ಆಲ್ಬಂ ಕೈಗಿಟ್ಟರು. ಅದರ ಹೆಸರೇ ‘ಸ್ಯಾಕ್ಸೊಫೋನ್ ಇಂಡಿಯನ್ ಸ್ಟೈಲ್’. ಕೊಟ್ಟದ್ದು ತಮಾಷೆಗೆ: ನೋಡೋ, ನಿನ್ನಂಥವನೊಬ್ಬ ಇದ್ದಾನೆ ಎಂಬ ಹಾಗೆ. ನುಡಿಸಿದವರು ಸ್ಯಾಕ್ಸೊಫೋನಿನಲ್ಲಿ ಕರ್ನಾಟಕ ಸಂಗೀತ ನುಡಿಸುತ್ತಿದ್ದ ನಮ್ಮ ಕದ್ರಿ ಗೋಪಾಲನಾಥ್.

ಕದ್ರಿಯವರ ಕಥೆಯನ್ನು ಈ ಊರಿನಲ್ಲಿ ಬಿಡಿಸಿ ಹೇಳಬೇಕಾಗಿಲ್ಲ. ಬಂಟ್ವಾಳ ತಾಲ್ಲೂಕಿನ ಸಜಿಪ ಮೂಡ, ನಾಗಸ್ವರ ವಿದ್ವಾಂಸರಾದ ತಂದೆ ತನಿಯಪ್ಪ, ಮೈಸೂರು ಅರಮನೆ ಬ್ಯಾಂಡಿನಲ್ಲಿ ಕಂಡ ಹೊಳೆಯುವ ವಾದ್ಯ, ಆಮೇಲೆ ವರ್ಷಗಟ್ಟಲೆ ತಪಸ್ಸು. 1980ರಲ್ಲಿ ಮುಂಬಯಿಯ ಜಾಝ್ ಉತ್ಸವಕ್ಕೆ ಬಂದಿದ್ದ ಅಮೆರಿಕದ ಆಲ್ಟೊ ವಾದಕ ಜಾನ್ ಹ್ಯಾಂಡಿ, ಕದ್ರಿಯವರ ವಾದನ ಕೇಳಿ, ಜೊತೆಗೆ ನುಡಿಸಲು ಕರೆದದ್ದೂ ನಿಮಗೆ ಗೊತ್ತು. ನಾನು ಹೇಳಬೇಕಾದದ್ದು ಒಂದೇ. ವೀಣೆಯಲ್ಲಿ ತಂತಿ ಎಳೆದರೆ ಗಮಕ ಬರುತ್ತದೆ. ಸ್ಯಾಕ್ಸೊಫೋನಿನಲ್ಲಿ ಕೀಲಿ ಒತ್ತಿದರೆ ಅದಕ್ಕೆಂದು ಗೊತ್ತುಮಾಡಿದ ಸ್ವರ ಬರುತ್ತದೆ, ಅಷ್ಟೆ. ಎರಡು ಸ್ವರಗಳ ನಡುವಿನ ಜಾರುದಾರಿಯನ್ನು ವಾದ್ಯ ಕೊಡುವುದಿಲ್ಲ. ತುಟಿಯ ಬಿಗಿ, ಗಂಟಲು, ಉಸಿರಿನಿಂದ ಅದನ್ನು ಕಸಿದುಕೊಳ್ಳಬೇಕು. ತಮಾಷೆಗೆ ಸಿಕ್ಕ ಆಲ್ಬಂನಲ್ಲಿ ಆ ವಿದ್ಯಾರ್ಥಿಗೆ ಕೇಳಿಸಿದ್ದು ಇದು. ತಾನು ಅಸಾಧ್ಯ ಎಂದುಕೊಂಡದ್ದನ್ನು ಯಾರೋ ಆಗಲೇ ಮಾಡಿ ಮುಗಿಸಿದ್ದಾರೆ.

ಇಲ್ಲಿ ಸಿನಿಮಾ ಆಗಿದ್ದರೆ ನಾಯಕ ಮರುದಿನವೇ ವಿಮಾನ ಹತ್ತಿ ಗುರುಗಳ ಕಾಲಿಗೆ ಬೀಳುತ್ತಿದ್ದ. ರುದ್ರೇಶ್ ಅವಸರ ಮಾಡಲಿಲ್ಲ. ಆ ಆಲ್ಬಂಗೂ ಕದ್ರಿಯವರ ಜೊತೆ ತಾವು ಮಾಡಿದ ಆಲ್ಬಂಗೂ ನಡುವೆ ಹದಿನೈದು ವರ್ಷದ ಆಸುಪಾಸು ಹೋಯಿತು. ಷಿಕಾಗೊದ ಡಿಪಾಲ್ ವಿಶ್ವವಿದ್ಯಾಲಯದಲ್ಲಿ ಜಾಝ್ ಸಂಯೋಜನೆಯ ಸ್ನಾತಕೋತ್ತರ ಓದು. 1997ರಲ್ಲಿ ನ್ಯೂಯಾರ್ಕ್. ಅದಕ್ಕೂ ಮೊದಲೇ ಹಿರಿಯ ಸ್ಯಾಕ್ಸೊಫೋನ್ ವಾದಕ ಸ್ಟೀವ್ ಕೋಲ್ಮನ್ ಅವರ ಮೂಲಕ ಪಿಯಾನೊ ವಾದಕ ವಿಜಯ್ ಅಯ್ಯರ್ ಪರಿಚಯವಾಗಿದ್ದರು. ಒಂದೇ ವಯಸ್ಸು, ಒಂದೇ ಇಕ್ಕಟ್ಟು. ಇಬ್ಬರೂ ಒಬ್ಬರ ತಂಡದಲ್ಲಿ ಇನ್ನೊಬ್ಬರು ವರ್ಷಾನುಗಟ್ಟಲೆ ನುಡಿಸಿದರು. 2006ರಲ್ಲಿ ಇಬ್ಬರೇ ಕೂತು ‘ರಾ ಮೆಟೀರಿಯಲ್ಸ್’ ಎಂಬ ಆಲ್ಬಂ ಮಾಡಿದರು. ಗಮನ ಸೆಳೆದ ‘ಬ್ಲ್ಯಾಕ್ ವಾಟರ್’ ಬಂದದ್ದು 2002ರಲ್ಲಿ. ಆಗ ರುದ್ರೇಶ್‌ಗೆ ಮೂವತ್ತು ದಾಟಿತ್ತು. ಹುಡುಗರೇ, ಇದನ್ನು ಗುರುತು ಹಾಕಿಕೊಳ್ಳಿ.

ಈಗ ನನಗೆ ಬಹಳ ಇಷ್ಟವಾದ ಕೆಲಸಕ್ಕೆ ಬರುತ್ತೇನೆ. 2004ರ ‘ಮದರ್ ಟಂಗ್’, ಅಂದರೆ ತಾಯ್ನುಡಿ. ಅಮೆರಿಕದಲ್ಲಿ ಭಾರತೀಯ ಮುಖ ಕಂಡರೆ ಕೆಲವರು ಕೇಳುವ ಪ್ರಶ್ನೆಯೊಂದಿದೆ: ನೀವು ಇಂಡಿಯನ್ ಮಾತನಾಡುತ್ತೀರಾ? ಇಂಡಿಯನ್ ಎಂಬ ಭಾಷೆಯೇ ಇಲ್ಲ ಎಂಬುದು ಕೇಳುವವರಿಗೆ ಗೊತ್ತಿಲ್ಲ. ರುದ್ರೇಶ್ ಕೋಪ ಮಾಡಿಕೊಳ್ಳಬಹುದಿತ್ತು, ಲೇಖನ ಬರೆಯಬಹುದಿತ್ತು. ಅವರು ಬೇರೆ ಬೇರೆ ಮನೆಮಾತಿನವರಿಂದ ಆ ಪ್ರಶ್ನೆಗೆ ಅವರವರ ಭಾಷೆಯಲ್ಲಿ ಉತ್ತರ ಹೇಳಿಸಿ ಧ್ವನಿಮುದ್ರಿಸಿಕೊಂಡರು. ಆಮೇಲೆ ಆ ಮಾತುಗಳ ಏರಿಳಿತವನ್ನೂ ಲಯವನ್ನೂ ಸ್ವರಲಿಪಿಗೆ ಇಳಿಸಿದರು. ಅದರಿಂದ ರಾಗರೇಖೆ ಹೆಣೆದರು. ರಚನೆಗಳ ಹೆಸರು ‘ಗುಜರಾತಿ’, ‘ಕೊಂಕಣಿ’, ‘ತಮಿಳ್’, ‘ತೆಲುಗು’, ‘ಮಲಯಾಳಂ’. ಒಂದರ ಹೆಸರು ‘ಕನ್ನಡ’.

ಇದು ಹೇಗೆ ಸಾಧ್ಯ ಎಂದು ನಾನು ಮನೆಯಲ್ಲಿ ಒಂದು ಪ್ರಯೋಗ ಮಾಡಿ ನೋಡಿದೆ. ವಾಕ್ಯ ನನ್ನದು, ಅವರದಲ್ಲ. ‘ಇಲ್ಲ, ನನಗೆ ಕನ್ನಡ ಬರುತ್ತದೆ.’ ನಮ್ಮ ಶಾಲೆಯ ಛಂದಸ್ಸಿನ ಲೆಕ್ಕ ಹಾಕಿ. ‘ಇಲ್ಲ’ ಒಂದು ಗುರು, ಒಂದು ಲಘು: ಮೂರು ಮಾತ್ರೆ. ‘ನನಗೆ’ ಮೂರು ಲಘು, ಮತ್ತೆ ಮೂರು. ‘ಕನ್ನಡ’ ನಾಲ್ಕು. ‘ಬರುತ್ತದೆ’ ಐದು. ಮೂರು, ಮೂರು, ನಾಲ್ಕು, ಐದು. ಮೇಜಿನ ಮೇಲೆ ಬೆರಳಲ್ಲಿ ತಟ್ಟಿ ನೋಡಿ... ಹೌದು, ಹಾಗೆಯೇ. ತಿಸ್ರ, ತಿಸ್ರ, ಚತುರಸ್ರ, ಖಂಡ. ಹದಿನೈದು ಮಾತ್ರೆಯ ಈ ಆವರ್ತವನ್ನು ಕೊಟ್ಟರೆ ಒಳ್ಳೆಯ ಡ್ರಮ್ಸ್ ವಾದಕ ರಾತ್ರಿಯೆಲ್ಲ ನುಡಿಸುತ್ತಾನೆ. ಈಗ ಸ್ವರ ಕೇಳಿ. ‘ಇಲ್ಲ’ದ ಒತ್ತಕ್ಷರ ಮುಗಿದ ಕೂಡಲೇ ದನಿ ಇಳಿಯುತ್ತದೆ, ‘ಕನ್ನಡ’ದ ಮೊದಲ ಅಕ್ಷರದ ಮೇಲೆ ಏರುತ್ತದೆ, ಅದರಲ್ಲೂ ಹೇಳುವವರಿಗೆ ಸ್ವಲ್ಪ ಸಿಟ್ಟಿದ್ದರೆ. ಮಾತಿನ ಅರ್ಥ ತೆಗೆದುಬಿಟ್ಟರೂ ಮಾತನಾಡಿದವರು ಅಲ್ಲೇ ಉಳಿಯುತ್ತಾರೆ. ‘ಭಾರತೀಯತೆ’ ಬೇಕು ಎಂದವರಿಗೆ ತಬಲಾ, ತಂಬೂರಿ ಸೇರಿಸಿ ಕೊಡುವುದು ಸುಲಭವಿತ್ತು. ಈ ಆಲ್ಬಂನಲ್ಲಿ ಇರುವುದು ಸ್ಯಾಕ್ಸೊಫೋನ್, ಪಿಯಾನೊ, ಬಾಸ್, ಡ್ರಮ್ಸ್ ಮಾತ್ರ.

2006ರ ‘ಕೋಡ್‌ಬುಕ್’ ಗುಪ್ತಲಿಪಿ ಮತ್ತು ಸಂಖ್ಯೆಗಳ ಸುತ್ತ ಕಟ್ಟಿದ್ದು. ಭೌತವಿಜ್ಞಾನಿಯ ಮಗ ಎಂಬುದು ಅಲ್ಲಿ ಚೆನ್ನಾಗಿ ತಿಳಿಯುತ್ತದೆ. ಜಾಣತನ ನನಗೆ ಮೆಚ್ಚಿಗೆ, ಆದರೆ ಮತ್ತೆ ಮತ್ತೆ ಹಾಕಿಕೊಂಡು ಕೇಳುವ ಆಲ್ಬಂ ಅದಲ್ಲ.

2008ರಲ್ಲಿ ‘ಕಿನ್ಸ್‌ಮೆನ್’ ಬಂತು. ಕದ್ರಿ ಮತ್ತು ರುದ್ರೇಶ್, ಎರಡು ಆಲ್ಟೊ. ಪಿಟೀಲಿಗೆ ಎ. ಕನ್ಯಾಕುಮಾರಿ, ಮೃದಂಗಕ್ಕೆ ಪೂವಲೂರು ಶ್ರೀಜಿ, ಗಿಟಾರಿಗೆ ಕರಾಚಿಯಲ್ಲಿ ಹುಟ್ಟಿದ ರೆಝ್ ಅಬ್ಬಾಸಿ, ಬಾಸ್‌ಗೆ ಕಾರ್ಲೊ ಡಿ ರೋಸಾ, ಡ್ರಮ್ಸ್‌ಗೆ ರಾಯಲ್ ಹಾರ್ಟಿಗನ್. ತಂಡದ ಹೆಸರು ದಕ್ಷಿಣ. ಕಿನ್ಸ್‌ಮೆನ್ ಎಂದರೆ ಬಂಧುಗಳು. ನಾನಾದರೆ ದಾಯಾದಿಗಳು ಎನ್ನುತ್ತೇನೆ. ನಮ್ಮಲ್ಲಿ ಆ ಶಬ್ದಕ್ಕೆ ಜಗಳದ ವಾಸನೆ ಇದೆ ನಿಜ. ಆದರೂ ಒಂದೇ ಮನೆ, ಎರಡು ಒಲೆ ಎಂಬ ಚಿತ್ರ ಈ ಆಲ್ಬಂಗೆ ಸರಿಯಾಗಿ ಹೊಂದುತ್ತದೆ.

ತೊಡಕು ಎಲ್ಲಿತ್ತು ಎಂದರೆ ನೆಲದಲ್ಲಿ. ನಮ್ಮ ಕಚೇರಿಯಲ್ಲಿ ತಂಬೂರಿ ಷಡ್ಜ ಹಿಡಿದು ಕೂತರೆ ಮುಗಿಯಿತು, ಕೊನೆಯವರೆಗೂ ಅದೇ ನೆಲ. ಜಾಝ್‌ನಲ್ಲಿ ಪಿಯಾನೊ, ಬಾಸ್ ಸೇರಿ ನಾಲ್ಕಾರು ಎಣಿಕೆಗೊಮ್ಮೆ ಕಾಲ ಕೆಳಗಿನ ಹಲಗೆಯನ್ನೇ ಬದಲಾಯಿಸುತ್ತವೆ. ವಾದಕನ ಜಾಣ್ಮೆ ಇರುವುದು ಆ ಹಲಗೆಯಿಂದ ಈ ಹಲಗೆಗೆ ಬೀಳದೆ ಹಾರುವುದರಲ್ಲಿ. ಕಲ್ಯಾಣಿಯಲ್ಲಿ ವಿಸ್ತರಿಸುತ್ತಿರುವ ವಿದ್ವಾಂಸರ ಕೆಳಗೆ ಹೀಗೆ ಹಲಗೆ ಎಳೆದರೆ ರಾಗವೇ ಕೆಡುತ್ತದೆ. ಗಮನಿಸಿ, ಈ ತಂಡದಲ್ಲಿ ಪಿಯಾನೊ ಇಲ್ಲ. ಅದು ಆಕಸ್ಮಿಕ ಎಂದು ನನಗೆ ಅನ್ನಿಸುವುದಿಲ್ಲ. ನಡುನಡುವೆ ಪುಟ್ಟ ಆಲಾಪಗಳಿವೆ. ಗಿಟಾರಿಗೂ ಆಲಾಪ, ಆ ದಪ್ಪ ಬಾಸ್‌ಗೂ ಆಲಾಪ!

ಎರಡು ಆಲ್ಟೊಗಳಲ್ಲಿ ಯಾವುದು ಯಾರದು ಎಂದು ಗುರುತಿಸುವುದು ಹೇಗೆ? ಮೊದಲ ಸಲ ಕೇಳಿದಾಗ ನಾನು ಕದ್ರಿಯವರನ್ನು ಮಾತ್ರ ಹುಡುಕಿದೆ, ಊರಿನ ಅಭಿಮಾನ. ಇನ್ನೊಬ್ಬರು ಬಂದಾಗಲೆಲ್ಲ ಯಾವಾಗ ಮುಗಿಸುತ್ತಾರೋ ಎಂದು ಕಾಯುತ್ತಿದ್ದೆ. ನಾಚಿಕೆಯ ವಿಷಯ, ಆದರೂ ಹೇಳುತ್ತಿದ್ದೇನೆ. ಕದ್ರಿಯವರ ನಾದಕ್ಕೆ ನಾಗಸ್ವರದ ಮೈಕಟ್ಟು ಇದೆ. ಸ್ವರ ನಿಲ್ಲುವಾಗಲೂ ಒಳಗೆ ತೂಗುತ್ತಿರುತ್ತದೆ. ರುದ್ರೇಶ್ ಅವರದು ಸಾಣೆ ಹಿಡಿದ ನಾದ. ನೇರ, ಚೂಪು, ಕೆಲವೊಮ್ಮೆ ಕಿವಿಗೆ ಕಟು. ‘ಸ್ನೇಕ್!’ ಎಂಬ ರಚನೆಯಲ್ಲಿ ಇದನ್ನು ಕೇಳಿ. ಕದ್ರಿಯವರ ಅನುಕರಣೆಯನ್ನು ರುದ್ರೇಶ್ ಮಾಡುವುದಿಲ್ಲ. ಅಷ್ಟು ಹತ್ತಿರ ನಿಂತು ಅನುಕರಿಸದೇ ಇರುವುದಕ್ಕೆ ಎಷ್ಟು ಧೈರ್ಯ ಬೇಕು ಎಂಬುದು ವಾದ್ಯ ಹಿಡಿದವರಿಗೆ ನನಗಿಂತ ಚೆನ್ನಾಗಿ ಗೊತ್ತು. 2019ರ ಅಕ್ಟೋಬರಿನಲ್ಲಿ ಕದ್ರಿಯವರು ತೀರಿಕೊಂಡರು. ಆ ಇಬ್ಬರ ಭೇಟಿಗೆ ನಮಗೆ ಉಳಿದ ದೊಡ್ಡ ಸಾಕ್ಷಿ ಈ ಆಲ್ಬಂ.

ಅಂದ ಹಾಗೆ, ಈ ದಾರಿಯಲ್ಲಿ ಎದುರು ದಿಕ್ಕಿನಿಂದ ಬಂದವರೂ ಇದ್ದಾರೆ. ಬಾಸ್ಟನ್ನಿನಲ್ಲಿ ಹುಟ್ಟಿದ ಚಾರ್ಲಿ ಮರಿಯಾನೊ ಎಂಬ ಆಲ್ಟೊ ವಾದಕ ನಾಗಸ್ವರ ಕಲಿತವರು. 1983ರಲ್ಲಿ ಬೆಂಗಳೂರಿನ ಕರ್ನಾಟಕ ಕಾಲೇಜ್ ಆಫ್ ಪರ್ಕಶನ್ ತಂಡದ ಆರ್. ಎ. ರಮಾಮಣಿ, ಟಿ. ಎ. ಎಸ್. ಮಣಿ ಅವರ ಜೊತೆ ‘ಜ್ಯೋತಿ’ ಎಂಬ ಆಲ್ಬಂ ಮಾಡಿದರು. ಅದಕ್ಕೇ ಬೇರೆ ಉಪನ್ಯಾಸ ಬೇಕು.

‘ಕಿನ್ಸ್‌ಮೆನ್’ ಆದ ಮೇಲೆ ಅದೇ ಎರಡನೇ ಭಾಗ, ಮೂರನೇ ಭಾಗ ಎಂದು ಹೊರಡಬಹುದಿತ್ತು. 2010ರಲ್ಲಿ ತಾವು ಕಾಲೇಜಿನ ದಿನಗಳಿಂದ ಆರಾಧಿಸಿದ ಬಂಕಿ ಗ್ರೀನ್ ಎಂಬ ಹಿರಿಯರನ್ನು ಕರೆತಂದು ‘ಏಪೆಕ್ಸ್’ ಮಾಡಿದರು; ಮತ್ತೆ ಎರಡು ಆಲ್ಟೊ, ಈ ಸಲ ಇನ್ನೊಬ್ಬ ಗುರು. ರೆಝ್ ಅಬ್ಬಾಸಿ, ತಬಲಾ ಬಲ್ಲ ಡ್ರಮ್ಸ್ ವಾದಕ ಡ್ಯಾನ್ ವೈಸ್ ಜೊತೆ ಇಂಡೊ-ಪಾಕ್ ಕೊಯಲಿಷನ್ ಎಂಬ ಮೂವರ ತಂಡ, ಹೆಸರಿನಲ್ಲೇ ಚೇಷ್ಟೆ. ಬೇರೆ ತಂಡಗಳ ಜೊತೆ 2011ರಲ್ಲಿ ‘ಸಂಧಿ’, 2013ರಲ್ಲಿ ‘ಗಮಕ್’. ಸಂಧಿ ಎಂದರೆ ನಮಗೆ ಲೋಪ, ಆಗಮ, ಆದೇಶ. ಗಮಕ ಎಂದರೆ ಸ್ವರದ ಓಲಾಟವೂ ಹೌದು, ಕುಮಾರವ್ಯಾಸನನ್ನು ಓದುವ ಕಲೆಯೂ ಹೌದು. ಎರಡನೆಯದರಲ್ಲಿ ಡೇವಿಡ್ ಫ್ಯುಝಿನ್‌ಸ್ಕಿಯವರ ಗಿಟಾರ್ ಸ್ವರದ ಸಂದುಗಳಲ್ಲೇ ಓಡಾಡುತ್ತದೆ.

ಇವರ ಅತ್ಯುತ್ತಮ ಕೆಲಸ ಯಾವುದು ಎಂದರೆ 2015ರ ‘ಬರ್ಡ್ ಕಾಲ್ಸ್’ ಎನ್ನುತ್ತೇನೆ. ಬರ್ಡ್ ಎಂಬುದು ಚಾರ್ಲಿ ಪಾರ್ಕರ್ ಅವರ ಅಡ್ಡಹೆಸರು. ಪಾರ್ಕರ್‌ಗೆ ಅರ್ಪಿಸಿದ ಆಲ್ಬಂ, ಆದರೆ ಪಾರ್ಕರ್ ರಚನೆ ಒಂದೂ ಇದ್ದ ಹಾಗೆ ಇಲ್ಲ. ಪಾರ್ಕರ್ ಅವರದು ‘ನೌ ಈಸ್ ದ ಟೈಮ್’, ಈಗಲೇ ಸಮಯ. ರುದ್ರೇಶ್ ಅವರದು ‘ಮೇಬಿ ಲೇಟರ್’, ಆಮೇಲೆ ನೋಡೋಣ. ಅಲ್ಲಿ ಪಾರ್ಕರ್ ನುಡಿಸಿದ ಮನೋಧರ್ಮದ, ಅಂದರೆ ಆಶುವಾದನದ, ಲಯವನ್ನು ಹಾಗೇ ಉಳಿಸಿ ಸ್ವರಗಳನ್ನು ಬದಲಾಯಿಸಿದ್ದಾರೆ. ಒಂದು ಷಟ್ಪದಿಯ ಛಂದವನ್ನು ಹಾಗೇ ಇಟ್ಟು ಪದವನ್ನೆಲ್ಲ ಬೇರೆ ಹಾಕಿದ ಹಾಗೆ. ಮತ್ತೊಂದು ಪಾರ್ಕರ್ ಅವರ ‘ಸ್ಟೀಪಲ್‌ಚೇಸ್’. ಸ್ಟೀಪಲ್ ಎಂದರೆ ಚರ್ಚಿನ ಚೂಪು ಗೋಪುರ. ಅದರಿಂದ ಹುಟ್ಟಿಸಿದ ರಚನೆಗೆ ರುದ್ರೇಶ್ ಇಟ್ಟ ಹೆಸರು ‘ಗೋಪುರಂ’. ಕಾಲೇಜಿನ ದಿನಗಳಲ್ಲಿ ಕಾಡಿದ ಆ ಹೆಸರಿನ ಭಾರ ನಲವತ್ತು ದಾಟಿದ ಮೇಲೆ ಒಂದು ನಗೆಚಟಾಕಿಯಷ್ಟು ಹಗುರವಾಗಿದೆ. 2020ರ ‘ಹೀರೊ ಟ್ರಿಯೊ’ದಲ್ಲಂತೂ ಸ್ವಂತ ರಚನೆಯೇ ಇಲ್ಲ. ಪಾರ್ಕರ್ ಇದ್ದಾರೆ, ಸ್ಟೀವಿ ವಂಡರ್ ಇದ್ದಾರೆ, ಜಾನಿ ಕ್ಯಾಶ್ ಹಾಡಿ ಜನಪ್ರಿಯಗೊಳಿಸಿದ ‘ರಿಂಗ್ ಆಫ್ ಫೈರ್’ ಕೂಡ ಇದೆ. ಬೋಲ್ಡರ್‌ನ ಆ ಹುಡುಗ ರೇಡಿಯೊದಲ್ಲಿ ಕೇಳಿದ್ದನ್ನು ಅಮೆರಿಕನ್ನನಾಗಿಯೇ ನುಡಿಸಿದ್ದಾನೆ.

ಸಮಯವಾಯಿತು ಎಂದು ಅಲ್ಲಿಂದ ಕೈ ತೋರಿಸುತ್ತಿದ್ದಾರೆ. ಪ್ರಶ್ನೆಗಳನ್ನು ಆಮೇಲೆ ತೆಗೆದುಕೊಳ್ಳುತ್ತೇನೆ. ಮೊದಲು ‘ಕನ್ನಡ’ ಎಂಬ ಆ ರಚನೆಯನ್ನು ಕೇಳೋಣ. ಅದರಲ್ಲಿ ಒಂದು ಪದವೂ ಇಲ್ಲ. ಪೆಟ್ಟಿಗೆ ತಂದ ಹುಡುಗರು ಹೊರಗೆ ಹೋಗಬೇಡಿ. ಮೊದಲ ಸಾಲು ಮುಗಿದ ಕೂಡಲೇ ನಿಲ್ಲಿಸುತ್ತೇನೆ, ನಿಮ್ಮಲ್ಲಿ ಯಾರಾದರೂ ಎದ್ದು ಅದನ್ನು ನುಡಿಸಿ ತೋರಿಸಬೇಕು.

ಹಾಕಿ ಸ್ವಾಮಿ. ದನಿ ಸ್ವಲ್ಪ ಜಾಸ್ತಿಯೇ ಇರಲಿ.